ಮನೆ ಪತ್ರದಲ್ಲಿರುವ 'ಲ್ಯಾಂಡ್ ಲಾಟ್', ಚೆರೋಕೀ ಜನ, ಇರೊಕ್ವಾಯ್ ಜನ: ತಿಳಿದವರು ದಯವಿಟ್ಟು ಹೇಳಿ

ಮಾಲೇಕಲ್ಲು ಕೇಳಿದ್ದು:

ನಮಸ್ಕಾರ. ಸ್ವಲ್ಪ ಉದ್ದ ಬರೀತಿದೀನಿ, ಬೇಜಾರು ಮಾಡಿಕೊಳ್ಳದೆ ಓದಿ.

ನಮ್ಮೂರು ಅರಸೀಕೆರೆ ಹತ್ತಿರ. ಈಗ ಇರೋದು ಅಮೆರಿಕದ ಜಾರ್ಜಿಯಾ ರಾಜ್ಯದ ಫೋರ್ಸೈತ್ ಕೌಂಟಿಯಲ್ಲಿ, ಅಟ್ಲಾಂಟಾದಿಂದ ಉತ್ತರಕ್ಕೆ. ಮನೆ ತಗೊಂಡು ಆರು ವರ್ಷ ಆಯ್ತು. ಹೋದ ತಿಂಗಳು ಸಾಲದ ಕೆಲಸಕ್ಕೆ ಅಂತ ಮನೆ ಪತ್ರ ಎಲ್ಲ ಊಟದ ಟೇಬಲ್ ಮೇಲೆ ಹರಡಿಕೊಂಡು ಕೂತಿದ್ದೆ. ಊರಿಂದ ಬಂದಿರೋ ಅಮ್ಮ ಪಕ್ಕದಲ್ಲಿ ಬೀನ್ಸ್ ನಾರು ತೆಗೀತಾ ಇದ್ದರು. "ಇದರಲ್ಲಿ ಸರ್ವೆ ನಂಬರ್ ಎಲ್ಲಿ ಬರೆದವ್ರೆ?" ಅಂದರು. ಅವರಿಗೆ ಜಮೀನಿನ ಪತ್ರ ಅಂದರೆ ಪಹಣಿ, ಪಹಣಿ ಅಂದರೆ ಸರ್ವೆ ನಂಬರ್, ಚಕ್ಕುಬಂದಿ. ಆರು ವರ್ಷದಲ್ಲಿ ನಾನು ಒಂದು ಸಲವೂ ನೋಡಿರಲಿಲ್ಲ. ಹುಡುಕಿದೆ. ಇಂತಿಷ್ಟನೇ ಲ್ಯಾಂಡ್ ಲಾಟ್, ಇಂತಿಷ್ಟನೇ ಡಿಸ್ಟ್ರಿಕ್ಟ್, ಒಂದನೇ ಸೆಕ್ಷನ್ ಅಂತ ಇತ್ತು. ಲಾಟ್ ಅಂದರೆ ಸೈಟು ಅಂತ ಅಮ್ಮನಿಗೆ ಹೇಳಿಬಿಟ್ಟೆ.

ಆಮೇಲೆ ಓದಿ ನೋಡಿದರೆ ಅದು ಸೈಟಿನ ಲಾಟ್ ಅಲ್ಲ, ಲಾಟರಿಯ ಲಾಟ್. 1829ರಲ್ಲಿ ಇಲ್ಲಿಂದ ಸ್ವಲ್ಪ ಉತ್ತರಕ್ಕಿರೋ ಡಲಾನೆಗಾ ಕಡೆ ಚಿನ್ನ ಸಿಕ್ಕಿತಂತೆ. ಆ ಊರಿನ ಹೆಸರೇ ಹಳದಿ ಅನ್ನೋ ಚೆರೋಕೀ ಪದದಿಂದ ಬಂದದ್ದು. ಚೆರೋಕೀ ಅಂದರೆ ಇಲ್ಲಿನ ಮೂಲನಿವಾಸಿಗಳು. ಜಾರ್ಜಿಯಾ ಸರ್ಕಾರ ಅವರ ನೆಲವನ್ನು ಅಳತೆ ಮಾಡಿಸಿ, ಚಿನ್ನ ಸಿಗಬಹುದಾದ ಕಡೆ 40 ಎಕರೆ, ಉಳಿದ ಕಡೆ 160 ಎಕರೆ ಅಂತ ಗೆರೆ ಎಳೆದು, 1832ರಲ್ಲಿ ಬಿಳಿಯರಿಗೆ ಚೀಟಿ ಎತ್ತಿ ಹಂಚಿತು. ಒಂದು ಡ್ರಮ್ಮಿನಲ್ಲಿ ಜನರ ಹೆಸರು, ಇನ್ನೊಂದರಲ್ಲಿ ಲಾಟ್ ನಂಬರ್. ಚೀಟಿ ಎತ್ತುವಾಗ ಆ ನೆಲದ ಮೇಲೆ ಚೆರೋಕೀ ಸಂಸಾರಗಳು ಇನ್ನೂ ಇದ್ದವು, ಮೆಕ್ಕೆಜೋಳ ಬೆಳೆದುಕೊಂಡು, ದನ ಕಟ್ಟಿಕೊಂಡು. ಅವತ್ತಿನ ಆ ಗೆರೆ, ಆ ನಂಬರು ನನ್ನ ಮನೆ ಪತ್ರದಲ್ಲಿ ಇವತ್ತಿಗೂ ಇದೆ. ಆ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ.

ಭಾನುವಾರ ಎಲ್ಲರೂ ನ್ಯೂ ಎಕೋಟಾಗೆ ಹೋದ್ವಿ. ಕ್ಯಾಲ್ಹೂನ್ ಊರಿನ ಹತ್ತಿರ, ಇಲ್ಲಿಂದ ಒಂದೂಕಾಲು ಗಂಟೆ ದಾರಿ. 1825ರಿಂದ ಚೆರೋಕೀ ರಾಜಧಾನಿ ಆಗಿದ್ದ ಜಾಗ. ಈಗ ದೊಡ್ಡ ಹುಲ್ಲುಗಾವಲು, ಅಲ್ಲಲ್ಲಿ ಮರದ ಕಟ್ಟಡಗಳು: ಸಭೆ ಸೇರೋ ಮನೆ, ಕೋರ್ಟು, ಅಚ್ಚುಕೂಟ. ಎಲ್ಲಾ ಆಮೇಲೆ ಕಟ್ಟಿದ್ದು. ಅವತ್ತಿನದೇ ಅಂತ ಉಳಿದಿರೋದು ವೂಸ್ಟರ್ ಅನ್ನೋ ಪಾದ್ರಿಯ ಮನೆ ಒಂದೇ. ಅಮ್ಮ ಅದರ ಮೆಟ್ಟಿಲ ಮೇಲೆ ಕೂತು, "ಪಾದ್ರಿ ಮನೆ ಉಳೀತು, ಊರಿನವರ ಮನೆ ಒಂದೂ ಉಳೀಲಿಲ್ವಾ?" ಅಂದರು.

ಅಲ್ಲಿ ಅಚ್ಚಾಗುತ್ತಿದ್ದ ಚೆರೋಕೀ ಪತ್ರಿಕೆಯ ಮೇಲೆ ಇಂಗ್ಲಿಷಿನ ಜಿ, ಡಬ್ಲ್ಯೂ, ವೈ ಥರ ಮೂರಕ್ಷರ ದಪ್ಪಗೆ ಇತ್ತು. ಮಗಳು ಅದನ್ನು ಹಾಗೇ ಓದಿದಳು. ಗೈಡ್ ನಕ್ಕು, ಅದು 'ತ್ಸ-ಲ-ಗಿ', ಅಂದರೆ ಚೆರೋಕೀ ಅಂತ ಹೇಳಿದರು.

ಈಗ ನನ್ನ ಪ್ರಶ್ನೆ. ಮಗಳಿಗೆ ಸ್ಕೂಲಿನಲ್ಲಿ ಚಾರ್ಟ್ ಮಾಡೋಕೆ ಕೊಟ್ಟಿದಾರೆ, ಒಂದು ಕಡೆ ಚೆರೋಕೀ, ಇನ್ನೊಂದು ಕಡೆ ಇರೊಕ್ವಾಯ್. ಇಬ್ಬರೂ ಒಂದೇ ಮೂಲದವರಾ, ಬೇರೆಯಾ? ಒಬ್ಬರು ಇಲ್ಲಿ ದಕ್ಷಿಣದಲ್ಲಿ, ಇನ್ನೊಬ್ಬರು ನ್ಯೂಯಾರ್ಕ್ ಕಡೆ. ಆ ಲಿಪಿ ನಮ್ಮ ಕಾಗುಣಿತದ ಥರಾನಾ? ಮತ್ತೆ ಅಮ್ಮನ ಪ್ರಶ್ನೆ: "ಅವರಲ್ಲಿ ಸೋದರಮಾವನಿಗೆ ಏನಂತಾರೆ?" ಇಲ್ಲಿನವರು ಎಲ್ಲರಿಗೂ ಅಂಕಲ್ ಅನ್ನೋದು ಅಮ್ಮನಿಗೆ ಇನ್ನೂ ಒಗ್ಗಿಲ್ಲ.

---

ಅಚ್ಚುಮೊಳೆ ಬರೆದದ್ದು:

ತಂಗೀ, ಲಿಪಿ ಬಗ್ಗೆ ಕೇಳೀರಲ್ಲ, ಅದನ್ನ ನಾ ಹೇಳ್ತೀನಿ. ನಾ ಗದಗದಾಗ ಇಪ್ಪತ್ತಾರು ವರ್ಷ ಅಚ್ಚಿನ ಮೊಳಿ ಜೋಡಿಸಿದಾಂವ.

ಕೇಸು ಅಂದ್ರ ಮೊಳಿ ಇಡೋ ಖಾನೆ ಪೆಟ್ಟಿಗಿ. ಕನ್ನಡದ ಕೇಸು ಅಂದ್ರ ನಮ್ಮ ಮುಂದ ಒಂದು ಗ್ವಾಡಿ ಇದ್ಧಂಗ. ಅಕ್ಷರ, ಅದರ ಗುಣಿತ, ಅದರ ಕೆಳಗ ಬರೋ ಒತ್ತು, ಕೊಂಬು, ದೀರ್ಘ, ಎಲ್ಲಾ ಕೂಡಿ ನೂರಾರು ಖಾನೆ. ಹೊಸಾ ಹುಡುಗ ಬಂದ್ರ ಯಾವ ಖಾನ್ಯಾಗ ಯಾವ ಮೊಳಿ ಐತಿ ಅಂತ ಕೈಗೆ ಗೊತ್ತಾಗಾಕ ಒಂದು ವರ್ಷ ಬೇಕು. ಕಣ್ಣಿಗೆ ಅಲ್ಲ, ಕೈಗೆ. ಚೆರೋಕೀ ಲಿಪಿಗೆ ಬರೇ 85 ಅಕ್ಷರ. ಮೊದಲ 86 ಇದ್ದವು, ಒಂದು ಬಿಟ್ಟುಹೋತು. ಅದನ್ನ ಕೇಳಿದಾಗ ನನ್ನ ಕೈ ಜುಂ ಅಂದಿತು. ಒಂದ ಕೇಸಿನ್ಯಾಗ ಒಂದಿಡೀ ಭಾಷೆ!

ಖರೆ, ನಮ್ಮ ಕಾಗುಣಿತದಂಥಾದ್ದು ಅಲ್ಲ ಅದು. ನಮ್ಮಲ್ಲಿ 'ಕ' ಗೊತ್ತಿದ್ರ 'ಕಿ' 'ಕು' ತಾನ ಬರ್ತದ, ಮೈ ಒಂದ, ತಲಿ ಬಾಲ ಅಷ್ಟ ಬದಲಿ. ಅಲ್ಲಿ 'ಗ'ಕ್ಕ ಒಂದು ಚಿತ್ರ, 'ಗಿ'ಗೆ ಮತ್ತೊಂದು ಚಿತ್ರ, ಎರಡಕ್ಕೂ ಸಂಬಂಧನ ಇಲ್ಲ. ಒಂದೊಂದು ಉಚ್ಚಾರಕ್ಕ ಒಂದೊಂದು ಗುರುತು. ಇಂಗ್ಲಿಷಿನ ಡಿ ಕಂಡಂಗ ಕಾಣ್ತದಲ್ಲ, ಅದನ್ನ 'ಅ' ಅಂತ ಓದಬೇಕು. ಆರ್ ಕಂಡಂಗ ಇರೋದು 'ಎ', ಟಿ ಕಂಡಂಗ ಇರೋದು 'ಇ', ಹೆಚ್ ಕಂಡಂಗ ಇರೋದು 'ಮಿ'. ಯಾಕಂದ್ರ ಇದನ್ನ ಮಾಡಿದ ಸೆಕ್ವೋಯಾಗ ಇಂಗ್ಲಿಷ್ ಓದಾಕ ಬರ್ತಿದ್ದಿಲ್ಲ. ಬೆಳ್ಳಿ ಕೆಲಸ ಮಾಡಾಂವ, ಒಂದು ಕಾಲು ಕುಂಟು. ಬಿಳಿಯರು ಹಾಳಿ ನೋಡಿ ಮಾತಾಡ್ತಾರ ಅನ್ನೋದೊಂದು ಕಂಡಿದ್ದ, ಅಷ್ಟ. ನಮ್ಮ ಮಾತಿಗೂ ಅಂಥಾದ್ದು ಆಗಬೇಕು ಅಂತ ವರ್ಷಗಟ್ಟಲೆ ಕುಂತ. ಮಂದಿ ಮಾಟ ಮಾಡ್ತಾನ ಅಂದರು. 1821ರ ಸುಮಾರಿಗೆ ಮುಗೀತು. ಹಿರಿಯರು ನಂಬಲಿಲ್ಲ. ಆಗ ತನ್ನ ಸಣ್ಣ ಮಗಳು ಅಯೋಕಾನ್ನ ದೂರ ನಿಲ್ಲಿಸಿ, ಹಿರಿಯರು ಹೇಳಿದ್ದನ್ನ ಬರದು ಕಳಿಸಿದ. ಆಕಿ ಅದನ್ನ ಓದಿ ಹೇಳಿದಳು. ನಿಮ್ಮ ಮಗಳ ಓರಗಿಯಾಕಿ ಇರಬೇಕು, ಇಲ್ಲಾ ಇನ್ನೂ ಸಣ್ಣಾಕಿ. ಲಿಪಿ ಗೆದ್ದದ್ದು ಆ ಕೂಸಿನಿಂದ.

1825ರಾಗ ಚೆರೋಕೀ ಸರ್ಕಾರ ಅದನ್ನ ಒಪ್ಪಿಕೊಂತು. ಮೊಳಿ ಎರಕ ಹೊಯ್ದದ್ದು ಬಾಸ್ಟನ್ನಿನ್ಯಾಗ. ಅಲ್ಲಿಂದ ಹಡಗಿನ್ಯಾಗ, ಆಮೇಲೆ ಗಾಡ್ಯಾಗ ನ್ಯೂ ಎಕೋಟಾಕ್ಕ ಬಂತು. ಸೆಕ್ವೋಯಾನ ಕೈಬರಹ ಬಳ್ಳಿ ಹಬ್ಬಿದಂಗ ಇತ್ತು, ಮೊಳಿಗೆ ಇಳಿಸುಮುಂದ ಇಂಗ್ಲಿಷ್ ಅಕ್ಷರದ ಹೋಲಿಕಿ ಮತ್ತಷ್ಟು ಬಂತು. 1828ರ ಫೆಬ್ರವರಿ 21ಕ್ಕ ಚೆರೋಕೀ ಫೀನಿಕ್ಸ್ ಪತ್ರಿಕೆಯ ಮೊದಲ ಸಂಚಿಕೆ ಹೊರಬಿತ್ತು. ಒಂದು ಕಾಲಮ್ಮು ಇಂಗ್ಲಿಷು, ಒಂದು ಕಾಲಮ್ಮು ಚೆರೋಕೀ. ಸಂಪಾದಕ ಇಲಿಯಾಸ್ ಬೂಡಿನಾಟ್, ಅವರವನ. ನಮ್ಮ ಮಂಗಳೂರು ಸಮಾಚಾರ ಬಂದದ್ದು 1843ರಾಗ, ಅದೂ ಕಲ್ಲಚ್ಚಿನ್ಯಾಗ. ಹದಿನೈದು ವರ್ಷ ಮೊದಲ ಅವರು ಸೀಸದ ಮೊಳ್ಯಾಗ ಪತ್ರಿಕೆ ತಂದರು.

1834ರಾಗ ಪತ್ರಿಕೆ ನಿಂತಿತು. ಮರುವರ್ಷ ಜಾರ್ಜಿಯಾ ಗಾರ್ಡ್ ಅನ್ನೋ ರಾಜ್ಯದ ಪಡೆ ಬಂದು ಯಂತ್ರ ವಶಮಾಡಿಕೊಂತು. 1950ರ ದಶಕದಾಗ ಆ ಜಾಗ ಅಗದಾಗ ಮಣ್ಣಾಗ ಮೊಳಿ ಸಿಕ್ಕವು. ನಾ ದುಡಿದ ಪ್ರೆಸ್ಸು ಮುಚ್ಚಿದಾಗ ಮೊಳಿ ಎಲ್ಲಾ ಕಿಲೋ ಲೆಕ್ಕದಾಗ ಗುಜರಿಗೆ ಹೋದವು. ನಾ ಒಂದು 'ಳ' ಕಿಸೆದಾಗ ಇಟ್ಕೊಂಡು ಬಂದೆ, ಇವತ್ತಿಗೂ ದೇವರ ಜಗಲಿ ಮ್ಯಾಲ ಐತಿ. ಅದಕ್ಕ ಮಣ್ಣಾಗಿನ ಆ ಮೊಳಿ ಸುದ್ದಿ ಓದಿದಾಗ ಕಣ್ಣಾಗ ನೀರು ಬಂದಿತು.

---

ಪಡುಬಿದ್ರೆ ಬರೆದದ್ದು:

ನಾನು ಇಪ್ಪತ್ತೆರಡು ವರ್ಷಗಳಿಂದ ನ್ಯೂಯಾರ್ಕ್ ರಾಜ್ಯದ ರಾಚೆಸ್ಟರಿನಲ್ಲಿದ್ದೇನೆ. ಇದು ಸೆನೆಕಾ ಜನರ ನೆಲ. ನಿಮ್ಮ ತಾಯಿಯವರ ಪ್ರಶ್ನೆಯೇ ಈ ಊರಿನ ಒಂದು ದೊಡ್ಡ ಕಥೆ, ಆದ್ದರಿಂದ ಮೊದಲು ಉಳಿದದ್ದನ್ನು ಬೇಗ ಹೇಳಿ ಮುಗಿಸುತ್ತೇನೆ.

ಇರೊಕ್ವಾಯ್ ಎಂದು ಹೊರಗಿನವರು ಕರೆದದ್ದು. ಅವರು ತಮ್ಮನ್ನು ಹೌಡೆನೊಶೋನಿ ಎನ್ನುತ್ತಾರೆ, ಉದ್ದಮನೆಯ ಜನ ಎಂದರ್ಥ. ಒಂದೇ ಜನಾಂಗವಲ್ಲ, ಒಕ್ಕೂಟ: ಮೊಹಾಕ್, ಒನೈಡಾ, ಒನಂಡಾಗಾ, ಕಯುಗಾ, ಸೆನೆಕಾ. 1722ರಲ್ಲಿ ದಕ್ಷಿಣದಿಂದ ಓಡಿಬಂದ ಟಸ್ಕರೋರಾ ಸೇರಿ ಆರು. ಚೆರೋಕೀ ಜನ ಈ ಒಕ್ಕೂಟದಲ್ಲಿ ಯಾವತ್ತೂ ಇರಲಿಲ್ಲ. ಎಷ್ಟೋ ಕಾಲ ಇಬ್ಬರಿಗೂ ಯುದ್ಧವೇ ನಡೆದಿದೆ. ಆದರೆ ಭಾಷೆ ಒಂದೇ ಕುಟುಂಬದ್ದು. ಸಾವಿರಾರು ವರ್ಷಗಳ ಹಿಂದೆ ಬೇರೆಯಾದ ದಕ್ಷಿಣದ ಕವಲು ಚೆರೋಕೀ. ನಮ್ಮ ಕನ್ನಡಕ್ಕೂ ಬಲೂಚಿಸ್ತಾನದ ಬ್ರಾಹೂಯಿಗೂ ಇರುವಂಥ ನಂಟು ಎಂದುಕೊಳ್ಳಿ. ಇನ್ನೊಂದು ವಿಷಯ ನಿಮ್ಮ ಮಗಳಿಗೆ ಖುಷಿ ಕೊಡಬಹುದು: ಮೊಹಾಕ್ ಭಾಷೆಯಲ್ಲಿ ನಮ್ಮ ಪವರ್ಗವೇ ಇಲ್ಲ. ಪ, ಬ, ಮ, ಹೀಗೆ ತುಟಿ ಮುಚ್ಚಿ ಹೇಳುವ ಅಕ್ಷರ ಒಂದೂ ಇಲ್ಲ. ಅಪ್ಪ, ಅಮ್ಮ ಎರಡನ್ನೂ ಹೇಳಲು ಬಾರದ ಭಾಷೆ!

ಇನ್ನು ಸೋದರಮಾವ. ಲೂಯಿಸ್ ಹೆನ್ರಿ ಮಾರ್ಗನ್ ಎಂಬ ವಕೀಲರು ಇದೇ ರಾಚೆಸ್ಟರಿನಲ್ಲಿದ್ದರು. 1844ರಲ್ಲಿ ಆಲ್ಬನಿಯ ಪುಸ್ತಕದಂಗಡಿಯಲ್ಲಿ ಇಲೈ ಪಾರ್ಕರ್ ಎಂಬ ಸೆನೆಕಾ ಹುಡುಗನ ಪರಿಚಯವಾಯಿತು. ಮುಂದೆ ಅಂತರ್ಯುದ್ಧದ ಕೊನೆಗೆ, 1865ರಲ್ಲಿ, ಜನರಲ್ ಗ್ರಾಂಟ್ ಪರವಾಗಿ ಶರಣಾಗತಿಯ ಷರತ್ತುಗಳನ್ನು ತನ್ನ ಕೈಯಲ್ಲಿ ಬರೆದವರು ಈ ಪಾರ್ಕರ್. ಅವರ ಮನೆಯವರ ನೆರವಿನಿಂದ ಮಾರ್ಗನ್ ಸೆನೆಕಾ ಸಂಬಂಧಗಳ ಲೆಕ್ಕ ಬರೆದುಕೊಂಡರು. ಬರೆಯುತ್ತ ಅವರಿಗೆ ಆಶ್ಚರ್ಯವಾಯಿತು. ತಂದೆಯ ತಮ್ಮನಿಗೂ ತಂದೆ ಎನ್ನುತ್ತಾರೆ, ತಾಯಿಯ ತಂಗಿಗೂ ತಾಯಿ ಎನ್ನುತ್ತಾರೆ. ತಾಯಿ, ಚಿಕ್ಕಮ್ಮ, ದೊಡ್ಡಮ್ಮ ಮೂವರಿಗೂ 'ನೋಯೇ'. ಅವರ ಮಕ್ಕಳೆಲ್ಲ ಅಣ್ಣತಮ್ಮ, ಅಕ್ಕತಂಗಿ. ಆದರೆ ತಾಯಿಯ ಅಣ್ಣನಿಗೆ ಬೇರೆಯೇ ಶಬ್ದ, 'ಹೊಕ್‌ನೋಸೆ'. ತಂದೆಯ ಅಕ್ಕನಿಗೂ ಬೇರೆ. ಈ ಇಬ್ಬರ ಮಕ್ಕಳು ಅಣ್ಣತಂಗಿಯರ ಸಾಲಿಗೆ ಬರುವುದಿಲ್ಲ.

ನಿಮ್ಮ ತಾಯಿಯವರಿಗೆ ಇದನ್ನು ಓದಿ ಹೇಳಿ. ಅವರಿಗೆ ವಿವರಿಸುವ ಅಗತ್ಯವೇ ಬೀಳುವುದಿಲ್ಲ. ದೊಡ್ಡಪ್ಪ, ಚಿಕ್ಕಪ್ಪ, ದೊಡ್ಡಮ್ಮ, ಚಿಕ್ಕಮ್ಮ ಒಂದು ಕಡೆ. ಸೋದರಮಾವ, ಸೋದರತ್ತೆ ಇನ್ನೊಂದು ಕಡೆ. ಇಂಗ್ಲಿಷಿನವರಿಗೆ ಇದು ತಲೆಬುಡ ತಿಳಿಯದ ಒಗಟಾಗಿತ್ತು. ದಕ್ಷಿಣ ಭಾರತದಲ್ಲಿ ಇದ್ದು ಬಂದ ಮಿಷನರಿಯೊಬ್ಬರಿಂದ ತಮಿಳಿನ ಪಟ್ಟಿ ಕೈಗೆ ಬಂದಾಗ ಮಾರ್ಗನ್ ಬೆರಗಾದರು. 1871ರಲ್ಲಿ ಅಚ್ಚಾದ ಅವರ ದೊಡ್ಡ ಗ್ರಂಥದ ಕೋಷ್ಟಕಗಳಲ್ಲಿ ತಮಿಳು, ತೆಲುಗಿನ ಜೊತೆ ನಮ್ಮ ಕನ್ನಡವೂ ಇದೆ. ಸೆನೆಕಾ ಶಬ್ದಗಳೂ ಕನ್ನಡ ಶಬ್ದಗಳೂ ಒಂದೇ ಗ್ರಂಥದಲ್ಲಿ. ಆ ಹಳೆಯ ಪುಟವನ್ನು ನೋಡಿದ ದಿನ ನಾನು ಗ್ರಂಥಾಲಯದಿಂದಲೇ ಊರಿಗೆ, ನನ್ನ ಮಾವನವರಿಗೆ ಫೋನ್ ಮಾಡಿದೆ. ತುಳುವಿನಲ್ಲಿ ನಾವು ತಮ್ಮಲೆ ಎನ್ನುತ್ತೇವೆ.

ಒಂದು ಎಚ್ಚರಿಕೆ. ಇದರಿಂದ ಅವರೂ ನಾವೂ ಒಂದೇ ಮೂಲದವರು ಎಂದು ತೀರ್ಮಾನಿಸಬೇಡಿ. ಮಾರ್ಗನ್ ಹಾಗೆಯೇ ತೀರ್ಮಾನಿಸಿ ತಪ್ಪಿದರು. ಈ ಬಗೆಯ ಲೆಕ್ಕ ಲೋಕದ ಹಲವು ಕಡೆ ತಾನಾಗಿ ಹುಟ್ಟಿದೆ. ನಮ್ಮಲ್ಲಿ ಸೋದರ ಸಂಬಂಧದ ಮದುವೆ ಉಂಟು, ಆದ್ದರಿಂದ ಹೆಂಡತಿಯ ತಂದೆಯೂ ಮಾವನೇ. ಸೆನೆಕಾದಲ್ಲಿ ಹೆಣ್ಣು ಕೊಟ್ಟ ಮಾವನಿಗೆ ಶಬ್ದವೇ ಬೇರೆ. ದೂರದ ನೆಂಟರಿಗೆ ಹೋದರೆ ಲೆಕ್ಕ ಇನ್ನೂ ಬೇರೆಯಾಗುತ್ತದೆ. ಚೆರೋಕೀ ಪದ್ಧತಿ ಮೂರನೆಯದು: ಅಲ್ಲಿ ಸೋದರತ್ತೆಯ ಮಗನನ್ನೂ ತಂದೆ ಎಂದೇ ಕರೆಯುತ್ತಾರೆ, ಆತ ತಂದೆಯ ಕುಲದವನು ಎಂಬ ಕಾರಣಕ್ಕೆ.

ಕುಲ ಮಾತ್ರ ಇಬ್ಬರಲ್ಲೂ ತಾಯಿಯಿಂದಲೇ. ಚೆರೋಕೀಯರಲ್ಲಿ ತೋಳ, ಜಿಂಕೆ, ಹಕ್ಕಿ ಇತ್ಯಾದಿ ಏಳು ಕುಲ. ಒಂದೇ ಕುಲದಲ್ಲಿ ಮದುವೆ ಇಲ್ಲ. ನಾನು ಅಳಿಯಸಂತಾನದ ಮನೆಯವ, ನನ್ನ ಬರಿ, ಎಂದರೆ ತುಳುವಿನಲ್ಲಿ ಕುಲ, ನನ್ನ ತಾಯಿಯದು, ಆದ್ದರಿಂದ ಇದು ನನಗೆ ಹೊಸದೆನಿಸಲಿಲ್ಲ. ಹೊಸದೆನಿಸಿದ್ದು ಬೇರೆ. ಇಲ್ಲಿಂದ ಅರ್ಧ ಗಂಟೆ ದೂರದ ವಿಕ್ಟರ್ ಊರಿನಲ್ಲಿ ಗನೊಂಡಾಗನ್ ಎಂಬ ಸೆನೆಕಾ ಊರಿನ ಜಾಗ ಇದೆ. 1687ರಲ್ಲಿ ಫ್ರೆಂಚರು ದಾಳಿ ಮಾಡಿ ಹಾಳುಗೆಡವಿದ ಊರು. ಈಗ ಅಲ್ಲಿ ಸುಮಾರು 65 ಅಡಿಯ ಉದ್ದಮನೆಯೊಂದನ್ನು ಕಟ್ಟಿದ್ದಾರೆ. ಒಳಗೆ ಎರಡೂ ಬದಿ ಮಲಗುವ ಅಟ್ಟಣೆ, ನಡುವೆ ಒಲೆಗಳ ಸಾಲು, ಮೇಲೆ ಹೊಗೆಗಂಡಿ. ಮಾಡಿನಿಂದ ಜೋಳದ ತೆನೆಗಳನ್ನು ಜಡೆ ಹೆಣೆದು ಇಳಿಬಿಟ್ಟಿದ್ದಾರೆ, ಕೈ ಎತ್ತಿದರೆ ಸಿಗುವಷ್ಟು ಕೆಳಗೆ. ಅಲ್ಲಿನ ಹಿರಿಯ ಸೆನೆಕಾ ಹೆಂಗಸೊಬ್ಬರು ಹೇಳಿದರು: ಮದುವೆಯಾದ ಗಂಡು ಹೆಂಡತಿಯ ಮನೆಗೆ ಬರುತ್ತಾನೆ; ಅವಳಿಗೆ ಬೇಡವೆನಿಸಿದರೆ ಅವನ ಗಂಟುಮೂಟೆ ಬಾಗಿಲ ಹೊರಗೆ ಇರುತ್ತದೆ, ಅಷ್ಟಕ್ಕೆ ಮುಗಿಯಿತು. ಒಕ್ಕೂಟದ ಸಭೆಯಲ್ಲಿ 50 ನಾಯಕರು. ಅವರನ್ನು ಆರಿಸುವವರು ಕುಲದ ತಾಯಂದಿರು. ದಾರಿ ತಪ್ಪಿದರೆ ಎಚ್ಚರಿಸಿ, ಕೇಳದಿದ್ದರೆ ಪದವಿಯ ಗುರುತಾದ ಜಿಂಕೆ ಕೊಂಬಿನ ಕಿರೀಟವನ್ನು ತೆಗೆಸುವವರೂ ಅವರೇ. ನಮ್ಮ ಕುಟುಂಬದಲ್ಲಿ ಆಸ್ತಿ ಹೆಂಗಸರ ಬಳ್ಳಿಯಲ್ಲಿ ಇಳಿಯಿತು, ಆದರೆ ಯಜಮಾನಿಕೆ ನಡೆಸಿದ್ದು ಹೆಚ್ಚಾಗಿ ಮಾವಂದಿರೇ. ಆ ವ್ಯತ್ಯಾಸ ಆ ದಿನ ಮನಸ್ಸಿಗೆ ನಾಟಿತು.

ನಿಮ್ಮ ಲ್ಯಾಂಡ್ ಲಾಟಿನ ಮಾತು ಓದಿ ನನಗೂ ನಮ್ಮ ಕಡೆಯ ನೆಲ ನೆನಪಾಯಿತು. 1779ರಲ್ಲಿ ವಾಷಿಂಗ್ಟನ್ ಕಳಿಸಿದ ಸೈನ್ಯ ಇಲ್ಲಿ ಸುಮಾರು 40 ಊರುಗಳನ್ನು ಸುಟ್ಟಿತು, ಗದ್ದೆಯ ಜೋಳ ಕಡಿಯಿತು, ಹಣ್ಣಿನ ಮರಗಳನ್ನೂ ಬಿಡಲಿಲ್ಲ. ಅಮೆರಿಕದ ಅಧ್ಯಕ್ಷರನ್ನು ಇವರ ಭಾಷೆಯಲ್ಲಿ ಇಂದಿಗೂ 'ಊರು ಹಾಳುಮಾಡುವವ' ಎಂಬ ಹೆಸರಿನಿಂದ ಕರೆಯುತ್ತಾರೆ.

---

ಅಕ್ಕಡಿ ಸಾಲು ಬರೆದದ್ದು:

ಜೋಳದ ಮಾತು ಬಂತು ಅಂತ ಎರಡು ಸಾಲು. ನಾನು ಕನಕಪುರದ ಕಡೆ ರಾಗಿ ಬೆಳೆಯೋನು. ಆ ಜನ ಮೆಕ್ಕೆಜೋಳ, ಬೀನ್ಸು, ಕುಂಬಳ ಮೂರನ್ನೂ ಒಂದೇ ಗುಡ್ಡೆ ಮಣ್ಣಲ್ಲಿ ಹಾಕ್ತಾರೆ, ಮೂವರು ಅಕ್ಕತಂಗೇರು ಅಂತಾರೆ. ಜೋಳದ ದಂಟು ಬೀನ್ಸ್ ಬಳ್ಳಿಗೆ ಊರುಗೋಲು, ಕುಂಬಳದ ಎಲೆ ನೆಲಕ್ಕೆ ನೆರಳು, ಕಳೆ ಬರಲ್ಲ. ಬೀನ್ಸಿನ ಬೇರು ಮಣ್ಣಿಗೆ ಸಾರಜನಕ ಕೊಡುತ್ತೆ. ನಾವು ರಾಗಿ ನಡುವೆ ಅವರೆ, ತೊಗರಿ, ಸಾಸಿವೆ ಅಕ್ಕಡಿ ಹಾಕೋದು ಇದೇ ಲೆಕ್ಕಕ್ಕೆ. ಮೇಡಂ, ನಿಮ್ಮ ಅಮ್ಮ ನಾರು ತೆಗೀತಿದ್ದ ಆ ಬೀನ್ಸು ಹುಟ್ಟಿದ್ದೂ ಅಮೆರಿಕ ಖಂಡದಲ್ಲೇ. ಮೆಕ್ಕೆಜೋಳ, ಸಿಹಿಗುಂಬಳ ಕೂಡ ಅಲ್ಲಿಂದಲೇ ನಮ್ಮ ಹೊಲಕ್ಕೆ ಬಂದವು. ಆದರೆ ಜೋಳವನ್ನು ಬೂದಿ ನೀರಲ್ಲಿ ಬೇಯಿಸಿ, ಬುಟ್ಟೀಲಿ ತೊಳೆದು ಸಿಪ್ಪೆ ಬಿಡಿಸೋ ಅವರ ಕ್ರಮ ನಮಗೆ ಬರಲಿಲ್ಲ. ಹಾಗೆ ಮಾಡಿದರೆ ಜೋಳದಲ್ಲಿರೋ ನಯಾಸಿನ್ ಅನ್ನೋ ಜೀವಸತ್ವ ಮೈಗೆ ಹತ್ತುತ್ತೆ. ಬೀಜ ಬಂತು, ಅಡಿಗೆ ಬರಲಿಲ್ಲ.

---

ಮಾಲೇಕಲ್ಲು ಬರೆದದ್ದು:

ಅಚ್ಚುಮೊಳೆ ಸರ್, ಪಡುಬಿದ್ರೆ ಸರ್, ಅಕ್ಕಡಿ ಅಣ್ಣ, ಎಲ್ಲರಿಗೂ ಕೈ ಮುಗಿದೆ. ಅಮ್ಮನಿಗೆ ಪೂರ್ತಿ ಓದಿ ಹೇಳಿದೆ. ಸೋದರಮಾವನಿಗೆ ಬೇರೆ ಮಾತಿದೆ ಅಂದ ತಕ್ಷಣ "ಹಂಗಾದ್ರೆ ಮನುಷ್ಯರೇ ಬಿಡು" ಅಂದರು. ಅಮ್ಮ ಕೊಡೋ ದೊಡ್ಡ ಸರ್ಟಿಫಿಕೇಟ್ ಅದು.

ಇನ್ನೊಂದು ಕೇಳಲಾ? ಅಮೆರಿಕದ ಸಂವಿಧಾನವನ್ನೇ ಇರೊಕ್ವಾಯ್ ಒಕ್ಕೂಟ ನೋಡಿ ಬರೆದರು ಅಂತ ಒಂದು ವಿಡಿಯೋದಲ್ಲಿ ಹೇಳಿದರು. ಚಾರ್ಟಿನಲ್ಲಿ ಹಾಕಬಹುದಾ?

---

ಪಡುಬಿದ್ರೆ ಬರೆದದ್ದು:

ನೋಡಿ ಬರೆದರು ಎಂದು ಹಾಕಬೇಡಿ ಮಾರಾಯ್ರೆ, ವಿದ್ವಾಂಸರಲ್ಲಿ ಒಮ್ಮತ ಇಲ್ಲ. ದಾಖಲೆಯಲ್ಲಿ ಇರುವುದನ್ನು ಹಾಕಿ. 1744ರಲ್ಲಿ ಲ್ಯಾಂಕಾಸ್ಟರಿನ ಸಭೆಯಲ್ಲಿ ಒನಂಡಾಗಾ ನಾಯಕ ಕನಸಟೇಗೊ ಬ್ರಿಟಿಷ್ ವಸಾಹತುಗಳಿಗೆ, ನಮ್ಮ ಹಾಗೆ ಒಗ್ಗಟ್ಟಾಗಿರಿ ಎಂದು ಹೇಳಿದರು. ಆ ಮಾತುಕತೆಯನ್ನು ಅಚ್ಚು ಹಾಕಿದವರು ಬೆಂಜಮಿನ್ ಫ್ರಾಂಕ್ಲಿನ್. 1988ರಲ್ಲಿ ಅಮೆರಿಕದ ಸಂಸತ್ತು ಒಕ್ಕೂಟದ ಕೊಡುಗೆಯನ್ನು ನಿರ್ಣಯದಲ್ಲಿ ಒಪ್ಪಿಕೊಂಡಿತು. ಅದಕ್ಕಿಂತ ಚೆಂದದ್ದು ಒಂದು ಇದೆ: 1794ರ ಕೆನಂಡೈಗ್ವಾ ಒಪ್ಪಂದದಂತೆ ಅಮೆರಿಕ ಸರ್ಕಾರ ಇವರಿಗೆ ಇಂದಿಗೂ ವರ್ಷಕ್ಕೊಮ್ಮೆ ಹತ್ತಿಬಟ್ಟೆ ಕಳಿಸುತ್ತದೆ. ಒಬ್ಬೊಬ್ಬರ ಪಾಲಿಗೆ ಬರುವುದು ಸಣ್ಣ ತುಂಡು. ಆದರೂ ಬೇಡ ಎನ್ನುವುದಿಲ್ಲ, ಏಕೆಂದರೆ ಬಟ್ಟೆ ಬರುವ ತನಕ ಒಪ್ಪಂದ ಜೀವಂತ.

---

ಎಟೋವಾ ದಂಡೆ ಬರೆದದ್ದು:

ಅಕ್ಕ, ನಾನೂ ನಿಮ್ಮ ಪಕ್ಕದ ಚೆರೋಕೀ ಕೌಂಟಿಯವನೇ. ಕೌಂಟಿಗೆ ಹೆಸರು ಉಳಿಯಿತು, ಜನ ಉಳಿಯಲಿಲ್ಲ. ಚಾರ್ಟಿಗೆ ಎರಡು ವಿಷಯ ಸೇರಿಸಿ.

ಒಂದು, ಅವರು ಸುಮ್ಮನೆ ಹೋಗಲಿಲ್ಲ. ಕೋರ್ಟಿಗೆ ಹೋದರು. ನೀವು ನೋಡಿದ ಮನೆಯ ವೂಸ್ಟರ್ ಪಾದ್ರಿಯನ್ನು ಜಾರ್ಜಿಯಾ ಜೈಲಿಗೆ ಹಾಕಿತ್ತು. 1832ರಲ್ಲಿ ಸುಪ್ರೀಂ ಕೋರ್ಟು ಚೆರೋಕೀ ನೆಲದಲ್ಲಿ ಜಾರ್ಜಿಯಾ ಕಾನೂನು ನಡೆಯಲ್ಲ ಅಂತ ತೀರ್ಪು ಕೊಟ್ಟಿತು. ಗೆದ್ದರು, ಆದರೆ ತೀರ್ಪನ್ನು ಯಾರೂ ಜಾರಿ ಮಾಡಲಿಲ್ಲ. ಮುಖ್ಯಸ್ಥ ಜಾನ್ ರಾಸ್ 1835ರಲ್ಲಿ ವಾಷಿಂಗ್ಟನ್ನಿನಿಂದ ಮನೆಗೆ ಬಂದರೆ ಲಾಟರಿ ಗೆದ್ದವನು ಒಳಗೆ ಸಂಸಾರ ಹೂಡಿದ್ದ. ಅದೇ ಡಿಸೆಂಬರಿನಲ್ಲಿ ಒಂದು ಸಣ್ಣ ಗುಂಪು 50 ಲಕ್ಷ ಡಾಲರಿಗೆ ನೆಲ ಬಿಟ್ಟುಕೊಡೋ ಒಪ್ಪಂದಕ್ಕೆ ಸಹಿ ಹಾಕಿತು, ಪತ್ರಿಕೆಯ ಬೂಡಿನಾಟ್ ಕೂಡ. ಉಳಿಯೋಕೆ ಬಿಡಲ್ಲ, ಸಿಕ್ಕಷ್ಟಾದರೂ ತಗೊಂಡು ಬದುಕೋಣ ಅನ್ನೋದು ಅವರ ವಾದ. ರಾಸ್ ಕಡೆಯವರು 15,000ಕ್ಕೂ ಹೆಚ್ಚು ಹೆಸರು ಬರೆಸಿ ವಿರೋಧ ಕಳಿಸಿದರು. ಆದರೂ ಅಮೆರಿಕದ ಸೆನೆಟ್ಟಿನಲ್ಲಿ ಆ ಒಪ್ಪಂದ ಒಂದೇ ಒಂದು ಮತದ ಅಂತರದಲ್ಲಿ ಪಾಸಾಯಿತು. 1838ರಲ್ಲಿ ಸೈನಿಕರು ಮನೆಮನೆಯಿಂದ ಎಬ್ಬಿಸಿ ದೊಡ್ಡಿಗಳಲ್ಲಿ ಕೂಡಿದರು. ಸುಮಾರು 16,000 ಜನರನ್ನು ಇಂದಿನ ಒಕ್ಲಹೋಮಾಕ್ಕೆ ಅಟ್ಟಿದರು, ದಾರಿಯಲ್ಲೂ ದೊಡ್ಡಿಯಲ್ಲೂ ಸತ್ತವರು ಸುಮಾರು 4,000. 1839ರ ಜೂನ್ 22ರಂದು ಬೂಡಿನಾಟ್‌ನನ್ನು ಅವರ ಜನರೇ ಕೊಂದರು.

ಎರಡನೆಯದು ಹೇಳೋಕೆ ಕಷ್ಟ, ಆದರೂ ಮಗಳಿಗೆ ಹೇಳಿ. ಆ ದಾರಿಯಲ್ಲಿ ಗುಲಾಮರೂ ನಡೆದರು. ಶ್ರೀಮಂತ ಚೆರೋಕೀಗಳು ಕರಿಯರನ್ನು ಗುಲಾಮರಾಗಿ ಇಟ್ಟುಕೊಂಡಿದ್ದರು, 1835ರ ಗಣತಿಯಲ್ಲಿ ಸುಮಾರು 1,600 ಮಂದಿ. ಚಾಟ್ಸ್‌ವರ್ತ್ ಹತ್ತಿರದ ವ್ಯಾನ್ ಹೌಸ್ ಅನ್ನೋ ಇಟ್ಟಿಗೆ ಬಂಗಲೆ ನೋಡಿ ಬನ್ನಿ, ಗೊತ್ತಾಗುತ್ತೆ. 1866ರ ಒಪ್ಪಂದದಲ್ಲಿ ಬಿಡುಗಡೆಯಾದವರಿಗೆ ಸಮಾನ ಹಕ್ಕು ಅಂತಾಯಿತು. ಆದರೆ ಅವರ ವಂಶದವರನ್ನು ಹೊರಗಿಡುತ್ತಿದ್ದ 'ರಕ್ತಸಂಬಂಧದಿಂದ' ಅನ್ನೋ ಮಾತನ್ನು ಚೆರೋಕೀ ಸಂವಿಧಾನದಿಂದ ಚೆರೋಕೀ ಸುಪ್ರೀಂ ಕೋರ್ಟು ತೆಗೆದುಹಾಕಿದ್ದು 2021ರಲ್ಲಿ.

ಮತ್ತೆ, ಚಾರ್ಟಿನಲ್ಲಿ 'ಇದ್ದರು' ಅಂತ ಬರೀಬೇಡಿ. ಒಕ್ಲಹೋಮಾದ ಟಾಲಿಕ್ವಾದಲ್ಲಿ ಅವರ ಸರ್ಕಾರ ಇದೆ, ನಾಲ್ಕು ಲಕ್ಷಕ್ಕೂ ಹೆಚ್ಚು ಪ್ರಜೆಗಳು. ಬೆಟ್ಟಗಳಲ್ಲಿ ಉಳಿದುಕೊಂಡವರ ಮಕ್ಕಳು ನಾರ್ತ್ ಕೆರೊಲೈನಾದಲ್ಲಿದ್ದಾರೆ, ನಿಮ್ಮ ಮನೆಯಿಂದ ಒಂದೇ ದಿನದಲ್ಲಿ ಹೋಗಿ ಬರಬಹುದು. 2024ರಲ್ಲಿ ಅಲ್ಲಿನ ಎತ್ತರದ ಶಿಖರ ಕ್ಲಿಂಗ್‌ಮನ್ಸ್ ಡೋಮಿಗೆ ಅದರ ಹಳೇ ಚೆರೋಕೀ ಹೆಸರು ಕುವೋಹಿ ವಾಪಸ್ಸು ಬಂತು.

---

ಮಾಲೇಕಲ್ಲು ಬರೆದದ್ದು:

ಚಾರ್ಟ್ ಮುಗೀತು. ನೀವು ಹೇಳಿದ್ದನ್ನೆಲ್ಲ ಹಾಕೋಕೆ ಜಾಗ ಸಾಲಲಿಲ್ಲ. ಗುಲಾಮರ ವಿಷಯ ಮಗಳಿಗೆ ಹೇಳಿದೆ, ಅವಳೇ ಯೋಚನೆ ಮಾಡಿ ಒಂದು ಸಾಲು ಬರೆದಳು. ಕೆಳಗೆ ಒಂದು ಚೌಕ ಎಳೆದು ನಮ್ಮ ಲ್ಯಾಂಡ್ ಲಾಟ್ ನಂಬರ್ ಬರೆದು, ಪಕ್ಕದಲ್ಲಿ '40 ಎಕರೆ, 1832' ಅಂತ ಹಾಕಿದಾಳೆ. ಅದನ್ನು ಹಾಕು ಅಂತ ನಾನು ಹೇಳಿರಲಿಲ್ಲ.

ಅಚ್ಚುಮೊಳೆ ಸರ್, ಇದು ನಿಮಗೆ. 85 ಅಕ್ಷರದ ಪಟ್ಟಿ ಪ್ರಿಂಟ್ ತೆಗೆದು ಫ್ರಿಜ್ಜಿನ ಮೇಲೆ ಅಂಟಿಸಿದೀವಿ, ಪಕ್ಕದಲ್ಲಿ ನಾನು ಕನ್ನಡದಲ್ಲಿ ಉಚ್ಚಾರ ಬರೆದಿದೀನಿ. ಮಗಳಿಗೆ ಬರ್ತಾನೇ ಇಲ್ಲ. ಆರ್ ಕಂಡರೆ ಬಾಯಿ ಆರ್ ಅಂತಲೇ ಅನ್ನುತ್ತೆ, ಡಿ ಕಂಡರೆ ಡಿ. ಅಮ್ಮ ಓದಿರೋದು ನಾಲ್ಕನೇ ಕ್ಲಾಸು, ಇಂಗ್ಲಿಷ್ ಅಕ್ಷರ ಗೊತ್ತಿಲ್ಲ. ಅವರಿಗೆ ಅದು ಬರೀ ಚಿತ್ರ. ಹಾಲು ಕಾಯೋವರೆಗೆ ಅಲ್ಲೇ ನಿಂತು ಒಂದೊಂದೇ ನೋಡ್ತಾರೆ. ನಿನ್ನೆ ಸಂಜೆ ಮಗಳನ್ನು ಕರೆದು, ಚಾರ್ಟಿನ ತಲೆಯ ಮೇಲಿರೋ ಮೂರಕ್ಷರದ ಮೇಲೆ ಬೆರಳಿಟ್ಟು "ತ್ಸ, ಲ, ಗಿ" ಅಂತ ಓದಿ ತೋರಿಸಿದರು. ಇವತ್ತಿಗೆ ಹದಿನಾಲ್ಕು ಅಕ್ಷರ ಆಗಿದೆ.